ಹಸಿವಿಗೆ ಪುರಾವೆ ಬೇಕೆ?

ಯಲಹಂಕದ ಕಡೆಯಿಂದ ಬರುವ ಬಸ್ಸು ಹೆಬ್ಬಾಳದ ಮೇಲ್ಸೇತುವೆ ಇಳಿದು, ಮೇಖ್ರಿ ಸರ್ಕಲ್ ದಾಟಿ ಊರೊಳಗೆ ಮುಂದುವರಿದರೆ ಬಳ್ಳಾರಿ ರಸ್ತೆಯ ಬದಿಯಲ್ಲಿ ರಾಷ್ಟ್ರೀಯ ಕ್ಷಯರೋಗ ಸಂಸ್ಥೆ ಸಿಗುತ್ತದೆ. ವಿಳಾಸದಲ್ಲಿ ಈಗಲೂ ‘ಅವಲಾನ್’ ಎಂಬ ಹಳೆಯ ಹೆಸರು ಅಂಟಿಕೊಂಡಿದೆ. ವಿಮಾನ ನಿಲ್ದಾಣಕ್ಕೆ ಓಡುವ ಕಾರುಗಳ ಭರಾಟೆಯಲ್ಲಿ ಅದರತ್ತ ತಿರುಗಿ ನೋಡುವವರು ಕಡಿಮೆ. ನಾನೂ ಬಹಳ ವರ್ಷ ನೋಡಿರಲಿಲ್ಲ.

1959ರಲ್ಲಿ ಶುರುವಾದ ಈ ಸಂಸ್ಥೆಯವರು 1961ರಿಂದ 1968ರವರೆಗೆ ಆಗಿನ ಬೆಂಗಳೂರು ಜಿಲ್ಲೆಯ 119 ಹಳ್ಳಿಗಳನ್ನು ಮತ್ತೆ ಮತ್ತೆ ಸುತ್ತಿದರು. ಕಫದಲ್ಲಿ ಕ್ಷಯದ ಕ್ರಿಮಿ ಕಂಡವರನ್ನು ಗುರುತಿಟ್ಟುಕೊಂಡು, ಐದು ವರ್ಷದಲ್ಲಿ ಅವರು ಏನಾದರು ಎಂದು ಲೆಕ್ಕ ಹಾಕಿದರು. ನೂರಕ್ಕೆ 49 ಮಂದಿ ತೀರಿಕೊಂಡಿದ್ದರು. ಹತ್ತಿರ ಹತ್ತಿರ ಮೂರನೇ ಒಂದು ಭಾಗ ತಾವಾಗಿಯೇ ಗುಣವಾಗಿದ್ದರು. ಮಿಕ್ಕವರು ಇನ್ನೂ ಕೆಮ್ಮುತ್ತಾ ಇತರರಿಗೆ ರೋಗ ಅಂಟಿಸುತ್ತಿದ್ದರು. ಸರ್ಕಾರದ ಚಿಕಿತ್ಸೆ ಕಾರ್ಯಕ್ರಮ ತಲುಪದ ಊರಲ್ಲಿ ಕ್ಷಯ ಏನು ಮಾಡುತ್ತದೆ ಎಂದು ಹೇಳಬೇಕಾದಾಗ ಇವತ್ತಿಗೂ ಜಗತ್ತಿನ ಪಠ್ಯಪುಸ್ತಕಗಳು ಈ ಅಂಕಿಗಳ ಕಡೆಗೇ ಬೆರಳು ತೋರಿಸುತ್ತವೆ. ಅದೇ ಕಾಲಕ್ಕೆ ಡಿ. ಬ್ಯಾನರ್ಜಿ ಮತ್ತು ಸ್ಟಿಗ್ ಆಂಡರ್ಸನ್ ತುಮಕೂರು ಜಿಲ್ಲೆಯಲ್ಲಿ ರೋಗಿಗಳನ್ನು ಮಾತಾಡಿಸಿದರು. ಹಳ್ಳಿಯವರಿಗೆ ತಿಳಿವಳಿಕೆ ಇಲ್ಲ, ಅದಕ್ಕೇ ಆಸ್ಪತ್ರೆಗೆ ಬರುವುದಿಲ್ಲ ಎಂದು ದೊಡ್ಡವರೆಲ್ಲ ನಂಬಿದ್ದ ಕಾಲ ಅದು. 1963ರಲ್ಲಿ ಪ್ರಕಟವಾದ ಅವರ ಅಧ್ಯಯನದ ಪ್ರಕಾರ ರೋಗಿಗಳಲ್ಲಿ ಅರ್ಧಕ್ಕೂ ಹೆಚ್ಚು ಜನ ಆಗಲೇ ಆಸ್ಪತ್ರೆಯ ಬಾಗಿಲು ತಟ್ಟಿದ್ದರು. ಕೆಮ್ಮಿನ ಔಷಧದ ಬಾಟಲಿ ಕೈಗಿಟ್ಟು ವಾಪಸು ಕಳಿಸಿದ್ದು ಆಸ್ಪತ್ರೆಯೇ.

ಅಂದರೆ ಬಡವರ ವಿಷಯದಲ್ಲಿ ಪುರಾವೆ ಕೇಳುವ ಅಭ್ಯಾಸ ಈ ರಸ್ತೆಗೆ ಹೊಸದಲ್ಲ. ಹೊಸದು ಏನೆಂದರೆ, ಪುರಾವೆಗಳನ್ನೆಲ್ಲ ಒಟ್ಟುಹಾಕಿ ತೀರ್ಪು ಬರೆಯುವ ಒಂದು ಪದ್ಧತಿ. ಇಂಗ್ಲಿಷಿನಲ್ಲಿ ಅದನ್ನು ಸಿಸ್ಟಮ್ಯಾಟಿಕ್ ರಿವ್ಯೂ ಎನ್ನುತ್ತಾರೆ. ಇಲ್ಲಿ ಪರಾಮರ್ಶೆ ಎಂದು ಕರೆಯುತ್ತೇನೆ. ಅನ್ನ, ಮೊಟ್ಟೆ, ಮಾತ್ರೆ, ಪಿಂಚಣಿ, ಯಾವುದನ್ನು ಕೊಡಬೇಕು ಯಾವುದನ್ನು ಬಿಡಬೇಕು ಎಂಬ ಪ್ರಶ್ನೆಗೆ ಸರ್ಕಾರಗಳು ಈಚೆಗೆ ಇದರ ಮುಖ ನೋಡುತ್ತಿವೆ. ನೋಡಬೇಕೆ ಎಂಬುದೇ ನನ್ನ ಪ್ರಶ್ನೆ.

ಯಶವಂತಪುರದ ಎಪಿಎಂಸಿ ಯಾರ್ಡ್ ಕಂಡವರಿಗೆ ಪರಾಮರ್ಶೆಯನ್ನು ವಿವರಿಸುವುದು ಸುಲಭ. ಮೂಟೆಯ ಬಾಯಿ ಬಿಚ್ಚಿ ಮೇಲಿನ ಒಂದು ಹಿಡಿ ಅಕ್ಕಿ ನೋಡಿ ಬೆಲೆ ಕಟ್ಟುವ ವ್ಯಾಪಾರಿ ಅಲ್ಲಿ ಬಹಳ ದಿನ ಉಳಿಯುವುದಿಲ್ಲ. ಮೇಲಿನ ಹಿಡಿ ಯಾವಾಗಲೂ ಚೆನ್ನಾಗಿಯೇ ಇರುತ್ತದೆ. ಪಳಗಿದವನು ಚೂಪು ಮೂತಿಯ ಕೊಳವೆಯನ್ನು ಮೂಟೆ ಮೂಟೆಗೂ ಚುಚ್ಚಿ, ಒಳಗಿನ ಕಾಳು ತೆಗೆದು, ಅಂಗೈ ಮೇಲೆ ಹರಡಿ ನೋಡುತ್ತಾನೆ. ಪರಾಮರ್ಶೆ ಮಾಡುವವರ ಕೆಲಸವೂ ಅಷ್ಟೆ. ಪ್ರಶ್ನೆಯನ್ನು ಮೊದಲೇ ಬರೆದು ಎಲ್ಲರಿಗೂ ಕಾಣುವಂತೆ ಇಡುತ್ತಾರೆ. ಆಮೇಲೆ ಆ ವಿಷಯದ ಮೇಲೆ ನಡೆದ ಅಧ್ಯಯನಗಳನ್ನೆಲ್ಲ, ಅಚ್ಚಾಗದೆ ಬೀರುವಿನಲ್ಲಿ ಉಳಿದವನ್ನೂ ಸೇರಿಸಿ, ಹುಡುಕುತ್ತಾರೆ. ಯಾವುದು ಗಟ್ಟಿ, ಯಾವುದು ಜೊಳ್ಳು ಎಂದು ತೂಗಿ, ಕೂಡಿಸಿ ಹೇಳುತ್ತಾರೆ. ವೈದ್ಯಕೀಯಕ್ಕೆ ಇದನ್ನು ಮಾಡುವ ಕಾಕ್ರೇನ್ ಎಂಬ ಕೂಟ 1993ರಲ್ಲಿ ಹುಟ್ಟಿತು. ಶಿಕ್ಷಣ, ಅಪರಾಧ, ಸಮಾಜ ಕಲ್ಯಾಣಕ್ಕೆಂದು ಕ್ಯಾಂಪ್‌ಬೆಲ್ ಎಂಬ ಇನ್ನೊಂದು ಕೂಟ 2000ದಲ್ಲಿ ಹುಟ್ಟಿತು.

ಕೊಳವೆ ಇಲ್ಲದಿದ್ದರೆ ಏನಾಗುತ್ತದೆ ಎಂಬುದಕ್ಕೆ ದೂರ ಹೋಗಬೇಕಿಲ್ಲ. 2021ರ ಡಿಸೆಂಬರಿನಲ್ಲಿ ನಮ್ಮ ಸರ್ಕಾರ ಕಲ್ಯಾಣ ಕರ್ನಾಟಕದ ಕಡೆಯ ಶಾಲೆಗಳಲ್ಲಿ ಬಿಸಿಯೂಟದ ಜೊತೆ ಮೊಟ್ಟೆ ಕೊಡಲು ಶುರುಮಾಡಿತು. ಗದಗದ ಗ್ರಾಮೀಣಾಭಿವೃದ್ಧಿ ಮತ್ತು ಪಂಚಾಯತ್ ರಾಜ್ ವಿಶ್ವವಿದ್ಯಾಲಯದವರು ಮೊಟ್ಟೆ ತಿಂದ ಯಾದಗಿರಿಯ ಮಕ್ಕಳನ್ನೂ ತಿನ್ನದ ಗದಗದ ಮಕ್ಕಳನ್ನೂ ತೂಗಿ ನೋಡಿ, ಯಾದಗಿರಿಯವರ ತೂಕ ಹೆಚ್ಚು ಏರಿದೆ ಎಂದರು. 2022ರಲ್ಲಿ ರಾಷ್ಟ್ರೀಯ ಶಿಕ್ಷಣ ನೀತಿಗೆಂದು ರಾಜ್ಯದಲ್ಲೇ ಸಿದ್ಧವಾದ ಒಂದು ನಿಲುವು ಪತ್ರ ಮೊಟ್ಟೆಯಂಥ ಆಹಾರದಿಂದ ಬೊಜ್ಜು, ಹಾರ್ಮೋನಿನ ಏರುಪೇರು ಬರಬಹುದೆಂದು ಎಚ್ಚರಿಸಿತು. ಎರಡೂ ಕಡೆಯವರ ಬಾಯಲ್ಲಿ ‘ಸಂಶೋಧನೆ’ ಎಂಬ ಒಂದೇ ಪದ. ಎಲುಬು ಕಾಣುವ ಮಕ್ಕಳಿಗೆ ಬೊಜ್ಜಿನ ಭಯ ತೋರಿಸುವುದು ಮೂಟೆಯ ಮೇಲಿನ ಹಿಡಿಯನ್ನು ಆರಿಸಿ ತೋರಿಸಿದಂತೆಯೇ. ಬಡ ಮಕ್ಕಳ ಶಾಲಾ ಊಟದ ಮೇಲೆ 18 ಅಧ್ಯಯನಗಳನ್ನು ಕೂಡಿಸಿದ ಕಾಕ್ರೇನ್ ಪರಾಮರ್ಶೆ 2007ರಲ್ಲೇ ಬಂದಿತ್ತು. ಬಡ ದೇಶಗಳಲ್ಲಿ ಊಟ ಸಿಕ್ಕ ಮಕ್ಕಳು ಸುಮಾರು 19 ತಿಂಗಳಲ್ಲಿ 390 ಗ್ರಾಂ ಹೆಚ್ಚು ತೂಗಿದರು, ವರ್ಷಕ್ಕೆ ನಾಲ್ಕರಿಂದ ಆರು ದಿನ ಹೆಚ್ಚು ಶಾಲೆಗೆ ಬಂದರು ಎಂದು ಅದು ಹೇಳಿತ್ತು. ದೊಡ್ಡ ಪವಾಡವೇನೂ ಅಲ್ಲ. ಆದರೆ ಅದು ಯಾರೋ ಒಬ್ಬರು ತಮಗೆ ಬೇಕಾದಂತೆ ಹೆಕ್ಕಿದ ಕಾಳೂ ಅಲ್ಲ.

ಇನ್ನೊಂದು ಉದಾಹರಣೆ ಅಮೆರಿಕದ್ದು. ದಾರಿ ತಪ್ಪಿದ ಹುಡುಗರನ್ನು ಜೈಲಿಗೆ ಕರೆದೊಯ್ದು, ಕೈದಿಗಳಿಂದ ಬೆದರಿಸಿ, ‘ನೋಡು, ನಿನ್ನ ಗತಿಯೂ ಇದೇ’ ಎಂದು ತೋರಿಸುವ ಕಾರ್ಯಕ್ರಮ ಅಲ್ಲಿ ದಶಕಗಳ ಕಾಲ ನಡೆಯಿತು. ಟಿವಿಯಲ್ಲಿ ಬಂತು, ಕೊಂಡಾಡಿದರು. ನಮ್ಮಲ್ಲೂ ಇಂಥದ್ದಕ್ಕೆ ‘ಹಾಗೇ ಆಗಬೇಕು’ ಎನ್ನುವವರು ಬೀದಿಗೆ ಹತ್ತು ಜನ ಸಿಗುತ್ತಾರೆ. ಒಂಬತ್ತು ಪ್ರಯೋಗಗಳನ್ನು ಕೂಡಿಸಿದ ಕ್ಯಾಂಪ್‌ಬೆಲ್ ಪರಾಮರ್ಶೆಯ ಪ್ರಕಾರ, ಹಾಗೆ ಹೆದರಿಸಿದ ಹುಡುಗರು ಹೆದರಿಸದೆ ಬಿಟ್ಟವರಿಗಿಂತ ಹೆಚ್ಚು ಅಪರಾಧ ಮಾಡಿದ್ದರು. ಪರಾಮರ್ಶೆ ಇಲ್ಲದಿದ್ದರೆ ಇದು ಇಷ್ಟು ಸ್ಪಷ್ಟವಾಗಿ ತಿಳಿಯುತ್ತಿರಲಿಲ್ಲ. ಒಳ್ಳೆಯ ಮನಸ್ಸಿನಿಂದ ಮಾಡಿದ್ದು ಕೆಟ್ಟದ್ದಾಗಿದೆ ಎಂದು ಮಾಡಿದವರಿಗೆ ತಾವಾಗಿ ಹೊಳೆಯುವುದು ಅಪರೂಪ.

ಇಲ್ಲಿಯವರೆಗೆ ನಾನು ಪರಾಮರ್ಶೆಯ ಪಕ್ಷ. ಬಳ್ಳಾರಿ ರಸ್ತೆಯ ಆ ಕ್ಷಯರೋಗ ಸಂಸ್ಥೆಯ ಗೇಟಿಗೆ ಮರಳಿದರೆ ಮಾತ್ರ ಮನಸ್ಸು ಹೊಯ್ದಾಡುತ್ತದೆ.

ಟಿಬಿ ಬಂದವರಿಗೆ ಹಾಲು, ಮೊಟ್ಟೆ, ತುಪ್ಪ ಕೊಡಿ ಎನ್ನುವುದು ನಮ್ಮ ಅಜ್ಜಿಯರ ಕಾಲದ ಮಾತು. ಸ್ಯಾನಟೋರಿಯಂಗಳು ನಡೆದದ್ದೇ ಗಾಳಿ, ವಿಶ್ರಾಂತಿ ಮತ್ತು ಊಟದ ಮೇಲೆ. 1950ರ ದಶಕದಲ್ಲಿ ಮದರಾಸಿನಲ್ಲಿ ಒಂದು ಪ್ರಯೋಗ ನಡೆಯಿತು. ಇನ್ನೂರಕ್ಕೂ ಕಡಿಮೆ ರೋಗಿಗಳು; ಅರ್ಧದಷ್ಟು ಜನ ಸ್ಯಾನಟೋರಿಯಂನಲ್ಲಿ ಒಳ್ಳೆಯ ಊಟ ಮಾಡುತ್ತಾ, ಮಿಕ್ಕವರು ಕೊಳೆಗೇರಿಯ ಮನೆಯಲ್ಲಿ ಸಿಕ್ಕಿದ್ದನ್ನು ತಿನ್ನುತ್ತಾ, ಒಂದೇ ಔಷಧ ನುಂಗಿದರು. ವರ್ಷದ ಕೊನೆಗೆ ಗುಣವಾದವರ ಪ್ರಮಾಣ ಎರಡೂ ಕಡೆ ಹೆಚ್ಚುಕಡಿಮೆ ಒಂದೇ. 1959ರಲ್ಲಿ ಬಂದ ಈ ಫಲಿತಾಂಶ ಜಗತ್ತಿನ ಕ್ಷಯ ಚಿಕಿತ್ಸೆಯ ದಿಕ್ಕನ್ನೇ ಬದಲಿಸಿತು. ಸ್ಯಾನಟೋರಿಯಂಗಳ ಕಾಲ ಮುಗಿಯಿತು, ರೋಗಿ ಮನೆಯಲ್ಲೇ ಉಳಿದ. ಹೆಂಡತಿ ಮಕ್ಕಳನ್ನು ಬಿಟ್ಟು ವರ್ಷಗಟ್ಟಲೆ ದೂರ ಮಲಗುವ ಕಷ್ಟ ತಪ್ಪಿತು. 1962ರ ರಾಷ್ಟ್ರೀಯ ಕ್ಷಯ ಕಾರ್ಯಕ್ರಮ, ಬೆಂಗಳೂರಿನ ಸಂಸ್ಥೆಯೇ ಹೆಣೆದದ್ದು, ಇದೇ ನೆಲೆಗಟ್ಟಿನ ಮೇಲೆ ನಿಂತಿತು. ಇದು ಪುರಾವೆಯ ದೊಡ್ಡ ಗೆಲುವು, ಅನುಮಾನವಿಲ್ಲ.

ಆದರೆ ಅದರ ಬೆನ್ನಿಗೇ ಇನ್ನೊಂದು ಓದು ನುಸುಳಿತು: ಔಷಧ ಇದ್ದರೆ ಸಾಕು, ಊಟ ಮುಖ್ಯವಲ್ಲ. ಮದರಾಸಿನವರು ಕೇಳಿದ್ದು ‘ಮನೆಯಲ್ಲಿ ಔಷಧ ಕೊಟ್ಟರೆ ಗುಣವಾಗುತ್ತದೆಯೆ’ ಎಂಬ ಪ್ರಶ್ನೆ. ಹಸಿದ ಮನೆಯಲ್ಲಿ ಉಳಿದವರಿಗೆ ರೋಗ ತಗಲುವುದನ್ನು ಊಟ ತಡೆಯುತ್ತದೆಯೆ ಎಂಬ ಪ್ರಶ್ನೆಯೇ ಬೇರೆ. ಅದನ್ನು ಅರ್ಧ ಶತಮಾನಕ್ಕೂ ಹೆಚ್ಚು ಕಾಲ ಯಾರೂ ಸರಿಯಾಗಿ ಪರೀಕ್ಷಿಸಲಿಲ್ಲ. ಪರೀಕ್ಷಿಸದ ಮೇಲೆ ಪರಾಮರ್ಶೆಗೆ ಸಿಗುವುದಾದರೂ ಏನು? ರೋಗಿಗಳ ಊಟದ ಕಥೆಯೂ ಅಷ್ಟೆ: 2016ರ ಕಾಕ್ರೇನ್ ಪರಾಮರ್ಶೆ, ಕ್ಷಯರೋಗಿಗಳಿಗೆ ಪೌಷ್ಟಿಕಾಂಶ ಕೊಟ್ಟ 35 ಪ್ರಯೋಗಗಳನ್ನು ಜಾಲಿಸಿ, ಉಚಿತ ಆಹಾರದಿಂದ ಚಿಕಿತ್ಸೆ ಸುಧಾರಿಸುತ್ತದೆಯೋ ಇಲ್ಲವೋ ಹೇಳಲು ಸಾಕಷ್ಟು ಸಂಶೋಧನೆ ಇಲ್ಲ ಎಂದಿತು. ಪ್ರಾಮಾಣಿಕ ಮಾತು. ಅದನ್ನು ಬರೆದವರ ಮೇಲೆ ನನಗೆ ದೂರಿಲ್ಲ. ದೂರು ಇರುವುದು ಅದನ್ನು ಓದುವ ಕಣ್ಣುಗಳ ಮೇಲೆ. ‘ಗೊತ್ತಿಲ್ಲ’ ಎಂಬುದು ಕಡತದಿಂದ ಕಡತಕ್ಕೆ ಹೋಗುವಷ್ಟರಲ್ಲಿ ‘ಉಪಯೋಗವಿಲ್ಲ’ ಎಂದಾಗಿರುತ್ತದೆ. ಹಣಕಾಸು ಇಲಾಖೆಯ ಮೇಜಿನ ಮೇಲೆ ಈ ಎರಡು ಮಾತುಗಳ ನಡುವೆ ಅಂತರವೇ ಇರುವುದಿಲ್ಲ.

ಕೇಂದ್ರ ಸರ್ಕಾರ ಕಾಯಲಿಲ್ಲ. 2018ರ ಏಪ್ರಿಲಿನಿಂದ ನಿಕ್ಷಯ ಪೋಷಣ್ ಯೋಜನೆಯಡಿ ಪ್ರತಿ ಕ್ಷಯರೋಗಿಯ ಬ್ಯಾಂಕ್ ಖಾತೆಗೆ ತಿಂಗಳಿಗೆ 500 ರೂಪಾಯಿ ಹಾಕಲು ಶುರುಮಾಡಿತು. ಪುರಾವೆಯ ಲೆಕ್ಕದಲ್ಲಿ ಇದು ಆತುರ. ಅಂಗೈ ಹುಣ್ಣಿಗೆ ಕನ್ನಡಿ ಬೇಕೆ ಎನ್ನುವವರ ಲೆಕ್ಕದಲ್ಲಿ ತಡ, ಬಹಳ ತಡ.

ಆ ಹೊತ್ತಿಗೆ ಕನ್ನಡ ನಾಡಿನದೇ ಒಂದು ಕೆಲಸ ಮೊದಲಾಯಿತು. ಮಂಗಳೂರಿನ ಯೆನೆಪೋಯ ವೈದ್ಯಕೀಯ ಕಾಲೇಜಿನ ಅನುರಾಗ್ ಭಾರ್ಗವ, ಮಾಧವಿ ಭಾರ್ಗವ ಮತ್ತು ಸಂಗಡಿಗರು ಜಾರ್ಖಂಡಿನ ನಾಲ್ಕು ಜಿಲ್ಲೆಗಳಲ್ಲಿ 2019ರಿಂದ 2022ರವರೆಗೆ ‘ರೇಷನ್ಸ್’ ಎಂಬ ಪ್ರಯೋಗ ನಡೆಸಿದರು. 2,800 ರೋಗಿಗಳು, ಅವರ ಮನೆಗಳ ಹತ್ತು ಸಾವಿರಕ್ಕೂ ಹೆಚ್ಚು ಜನ. ಒಂದಷ್ಟು ಕಡೆ ರೋಗಿಯ ಜೊತೆಗೆ ಮನೆಯ ಪ್ರತಿಯೊಬ್ಬರಿಗೂ ತಿಂಗಳಿಗೆ 5 ಕಿಲೊ ಅಕ್ಕಿ, 1.5 ಕಿಲೊ ಬೇಳೆ, ಜೊತೆಗೆ ಜೀವಸತ್ವದ ಮಾತ್ರೆ. ಇನ್ನೊಂದಷ್ಟು ಕಡೆ ರೋಗಿಗೆ ಮಾತ್ರ ಆಹಾರ. ಊಟ ಸಿಕ್ಕ ಮನೆಗಳಲ್ಲಿ ಹೊಸದಾಗಿ ಕ್ಷಯ ಬರುವುದು ಸುಮಾರು ನೂರಕ್ಕೆ 40ರಷ್ಟು ಕಡಿಮೆಯಾಯಿತು. ಇತರರಿಗೆ ಅಂಟುವ ಬಗೆಯ ಕ್ಷಯ ಹತ್ತಿರ ಹತ್ತಿರ ಅರ್ಧಕ್ಕಿಳಿಯಿತು. 2023ರ ಆಗಸ್ಟಿನಲ್ಲಿ ‘ಲ್ಯಾನ್ಸೆಟ್’ನಲ್ಲಿ ಇದು ಪ್ರಕಟವಾಯಿತು. ಲಸಿಕೆಯಿಂದ ಆಗಬೇಕಾದ ಕೆಲಸವನ್ನು ಅಕ್ಕಿ, ಬೇಳೆ ಮಾಡಿತ್ತು.

ಪರಾಮರ್ಶೆಯ ಪರ ಇರುವವರು ಇಲ್ಲಿ ಹೇಳುವ ಮಾತಿಗೆ ತೂಕವಿದೆ: ಪುರಾವೆ ಇಲ್ಲ ಎಂದು ಪರಾಮರ್ಶೆ ಗಟ್ಟಿಯಾಗಿ ಹೇಳಿದ್ದರಿಂದಲೇ ಇಂಥ ಪ್ರಯೋಗಕ್ಕೆ ಜಾಗ ಆಯಿತು. ಕಂದಕ ಎಲ್ಲಿದೆ ಎಂದು ತೋರಿಸುವುದೂ ದಾರಿ ತೋರಿಸಿದಂತೆ. ಒಪ್ಪುತ್ತೇನೆ.

ಆದರೆ ಇದೇ ಪ್ರಯೋಗದಲ್ಲಿ ನನ್ನನ್ನು ಕಾಡುವ ಒಂದು ಸಂಗತಿಯಿದೆ. ರೋಗಿಗಳಲ್ಲಿ ಐದರಲ್ಲಿ ನಾಲ್ವರು ಇರಬೇಕಾದ ತೂಕಕ್ಕಿಂತ ಕಡಿಮೆ ಇದ್ದವರು. ಅಂಥವರಲ್ಲಿ ಅರ್ಧ ಜನಕ್ಕೆ ಊಟ ಕೊಟ್ಟು, ಅರ್ಧ ಜನರನ್ನು ‘ಹೋಲಿಕೆಗೆ’ ಎಂದು ಹಸಿವಿನಲ್ಲಿ ಇಡುವುದು ಹೇಗೆ? ಅವರು ಹಾಗೆ ಮಾಡಲಿಲ್ಲ. ರೋಗಿಗಳಿಗೆಲ್ಲ ಆಹಾರ ಕೊಟ್ಟರು. ಮೊದಲ ಎರಡು ತಿಂಗಳಲ್ಲಿ ತೂಕ ನೂರಕ್ಕೆ ಐದರಷ್ಟು ಏರಿದವರಲ್ಲಿ ಸಾವು 61 ಪ್ರತಿಶತ ಕಡಿಮೆ ಇತ್ತೆಂದು ಕಂಡುಕೊಂಡರು. ಈಗ ಪರಾಮರ್ಶೆಯ ತಕ್ಕಡಿಗೆ ಇದನ್ನು ಹಾಕಿ. ಹೋಲಿಕೆಯ ಗುಂಪು ಇಲ್ಲವಾದ್ದರಿಂದ ಇದು ಎರಡನೇ ದರ್ಜೆಯ ಪುರಾವೆ. ತೂಕ ಏರಿದ್ದರಿಂದ ಬದುಕಿದರೋ, ಬದುಕುವವರಾದ್ದರಿಂದ ತೂಕ ಏರಿತೋ, ಯಾರು ಬಲ್ಲರು ಎಂದು ತಕ್ಕಡಿ ಕೇಳುತ್ತದೆ. ಪ್ರಶ್ನೆ ತಪ್ಪಲ್ಲ. ಆದರೆ ವೈದ್ಯರು ಮನುಷ್ಯರಂತೆ ನಡೆದುಕೊಂಡ ಕಾರಣಕ್ಕೇ ಅವರ ಕಾಳಿಗೆ ಕಡಿಮೆ ಬೆಲೆ ಸಿಗುತ್ತದೆ. ಬಡವನಿಗೆ ಅತಿ ಅಗತ್ಯವಾದ ವಸ್ತುಗಳ ಮೇಲೆ ಒಳ್ಳೆಯ ಪುರಾವೆ ಸಿಗದಿರುವುದು ಆಕಸ್ಮಿಕವಲ್ಲ. ಆ ಪುರಾವೆ ಹುಟ್ಟಬೇಕಾದರೆ ಯಾರನ್ನೋ ಹಸಿವಿನಲ್ಲಿ ಇಡಬೇಕು.

ಹಾಗೆಂದು ಹಸಿದವನಿಗೆ ಪುರಾವೆ ಬೇಡವೇ ಬೇಡ ಎಂದುಬಿಟ್ಟರೆ ಕಾಕ್ರೇನ್ ಕೂಟ ಯಾರ ಹೆಸರು ಹೊತ್ತಿದೆಯೋ ಆ ಆರ್ಚಿ ಕಾಕ್ರೇನ್‌ಗೆ ಅನ್ಯಾಯವಾಗುತ್ತದೆ. ಎರಡನೇ ಮಹಾಯುದ್ಧದಲ್ಲಿ ಜರ್ಮನರ ಕೈಗೆ ಸಿಕ್ಕಿ ಗ್ರೀಸಿನ ಸಲೋನಿಕಾದಲ್ಲಿ ಸೆರೆಯಾಳಾಗಿದ್ದ ಬ್ರಿಟಿಷ್ ವೈದ್ಯ ಆತ. ಶಿಬಿರದ ಕೈದಿಗಳ ಕಾಲು ಹಸಿವಿನಿಂದ ಬಾತುಕೊಳ್ಳುತ್ತಿದ್ದವು. ಆತ ಇಪ್ಪತ್ತು ಕೈದಿಗಳನ್ನು ಎರಡು ಕೋಣೆಗಳಿಗೆ ಹಂಚಿ, ಒಂದು ಕೋಣೆಗೆ ಕಾಳಸಂತೆಯಿಂದ ತಂದ ಯೀಸ್ಟ್, ಇನ್ನೊಂದಕ್ಕೆ ವಿಟಮಿನ್ ಸಿ ಕೊಟ್ಟ. ಕೆಲವೇ ದಿನಗಳಲ್ಲಿ ಯೀಸ್ಟ್ ಕೋಣೆಯವರು ಚೇತರಿಸಿಕೊಂಡರು. ಆ ಲೆಕ್ಕವನ್ನು ಜರ್ಮನರ ಮುಂದೆ ಇಟ್ಟ. ಅವರು ಯೀಸ್ಟ್ ತರಿಸಿದರು. ಮುಂದೆ ಆತನೇ ಅದನ್ನು ತನ್ನ ಮೊದಲ, ಅತಿ ಕೆಟ್ಟ ಮತ್ತು ಅತಿ ಯಶಸ್ವಿ ಪ್ರಯೋಗ ಎಂದು ಕರೆದುಕೊಂಡ. ಉಗ್ರಾಣದ ಬೀಗದ ಕೈ ಯಾರ ಸೊಂಟದಲ್ಲಿದೆಯೋ ಅವರು ಬರೀ ನರಳಾಟಕ್ಕೆ ಕರಗದಿದ್ದಾಗ ಅಂಕಿ ಕರಗಿಸಿತು. ಜಾರ್ಖಂಡಿನ ಅಂಕಿಯೂ ಅದನ್ನೇ ಮಾಡಿತು ಎಂದು ನನ್ನ ಊಹೆ. 2024ರ ನವೆಂಬರಿನಿಂದ ನಿಕ್ಷಯ ಪೋಷಣೆಯ ಮೊತ್ತ 500ರಿಂದ 1,000 ರೂಪಾಯಿಗೆ ಏರಿತು.

ಒಂದೇ ರಾಶಿಯ ಅಧ್ಯಯನಗಳನ್ನು ಓದಿ ಪಂಡಿತರು ಕಚ್ಚಾಡುವುದೂ ಉಂಟು. ಜಂತುಹುಳುವಿನ ಮಾತ್ರೆಯ ಕಥೆ ಅದು. 2015ರ ಫೆಬ್ರವರಿ 10ರಂದು ದೇಶದಲ್ಲಿ ಜಂತುಹುಳು ನಿವಾರಣಾ ದಿನ ಶುರುವಾಯಿತು; ಅಂದಿನಿಂದ ಆ ದಿನ ಆರ್.ಟಿ. ನಗರದ ಅಂಗನವಾಡಿಯಿಂದ ಯಲಹಂಕದ ಪ್ರೌಢಶಾಲೆಯವರೆಗೆ ಮಕ್ಕಳು ಆಲ್ಬೆಂಡಜೋಲ್ ಚೀಪುತ್ತಾರೆ. ಅದೇ ವರ್ಷ ಬಂದ ಕಾಕ್ರೇನ್ ಪರಾಮರ್ಶೆ, ಎಲ್ಲ ಮಕ್ಕಳಿಗೂ ಸಾರಾಸಗಟಾಗಿ ಮಾತ್ರೆ ಕೊಟ್ಟರೆ ಸರಾಸರಿ ತೂಕದಲ್ಲಾಗಲಿ ಶಾಲೆಯ ಸಾಧನೆಯಲ್ಲಾಗಲಿ ಹೇಳಿಕೊಳ್ಳುವ ಲಾಭವಿಲ್ಲ ಎಂದಿತು. ಕೀನ್ಯಾದಲ್ಲಿ ಪ್ರಯೋಗ ಮಾಡಿ ಹಾಜರಾತಿ ಹೆಚ್ಚಿತೆಂದು 2004ರಲ್ಲಿ ಬರೆದ ಎಡ್ವರ್ಡ್ ಮಿಗೆಲ್, ಮೈಕೆಲ್ ಕ್ರೆಮರ್ ಕಡೆಯವರು ಒಪ್ಪಲಿಲ್ಲ. ಹುಳು ಇಲ್ಲದ ಮಕ್ಕಳನ್ನೂ ಸೇರಿಸಿ ಸರಾಸರಿ ತೆಗೆದರೆ ಲಾಭ ಕರಗಿಹೋಗದೆ ಇನ್ನೇನು ಎಂಬುದು ಆ ಕಡೆಯ ವಾದ. ಮಾತ್ರೆಯೋ ಅಗ್ಗ. ವಿಶ್ವ ಆರೋಗ್ಯ ಸಂಸ್ಥೆ ಇವತ್ತಿಗೂ ಕೊಡಿ ಎನ್ನುತ್ತದೆ. ಪರಾಮರ್ಶೆ ಎಂದರೆ ಕೊನೆಯ ತೀರ್ಪು ಎಂದುಕೊಂಡವರು ಈ ಜಗಳವನ್ನೊಮ್ಮೆ ಓದಬೇಕು. ಯಾವ ಮೂಟೆಗೆ ಕೊಳವೆ ಚುಚ್ಚುವುದು ಎಂದು ತೀರ್ಮಾನಿಸುವವನೂ ಮನುಷ್ಯನೇ.

ಸರಾಸರಿಯ ಕಷ್ಟ ನಮ್ಮ ಬೀದಿಗೆ ಬಂದಾಗ ಇನ್ನೂ ಚೆನ್ನಾಗಿ ಕಾಣುತ್ತದೆ. ಜಾರ್ಖಂಡಿನ ಬುಟ್ಟಿ ಸ್ವಂತ ಮನೆ, ಒಲೆ, ಪಡಿತರ ಚೀಟಿ ಇದ್ದ ಹಳ್ಳಿ ಮನೆಗಳ ಕಡೆಗೆ ಹೆಚ್ಚು ಹೊಂದುವಂಥದ್ದು. ಯಶವಂತಪುರದ ಯಾರ್ಡಿನಲ್ಲಿ ಮೂಟೆ ಹೊರುವ ಹಮಾಲಿಗೆ, ಹೆಬ್ಬಾಳ, ಥಣಿಸಂದ್ರದ ಕಟ್ಟಡಗಳ ಪಕ್ಕದ ತಗಡಿನ ಶೆಡ್ಡಿನಲ್ಲಿರುವ ರಾಯಚೂರು, ಯಾದಗಿರಿಯ ಕೂಲಿಗೆ, ಬಿಹಾರದಿಂದ ಬಂದ ಗಾರೆ ಕೆಲಸದವನಿಗೆ ಅದು ಹೇಗೆ ಹೊಂದುತ್ತದೆ? ಕೆಲಸ ಮುಗಿದರೆ ಶೆಡ್ಡೇ ಕಿತ್ತು ಹೋಗುತ್ತದೆ. ಖಾತೆಗೆ ಬಂದ ಸಾವಿರ ಊರಲ್ಲಿರುವವರ ಕೈ ಸೇರಬಹುದು, ಬಾಡಿಗೆಗೆ ಹೋಗಬಹುದು. ಇಷ್ಟೆಲ್ಲ ಗೊತ್ತಿರುವುದು ಆ ಬೀದಿಯ ಆಶಾ ಕಾರ್ಯಕರ್ತೆಗೆ. ಅವರ ಪುಸ್ತಕ ಯಾವ ಪರಾಮರ್ಶೆಯ ಹುಡುಕಾಟಕ್ಕೂ ಸಿಗುವುದಿಲ್ಲ. ಅದು ಕನ್ನಡದಲ್ಲಿದೆ, ಪೆನ್ನಿನಲ್ಲಿ ಬರೆದದ್ದು. ಇನ್ನು, ಅಕ್ಕಿಯ ಬದಲು ರಾಗಿ, ಹುರುಳಿ, ಅವರೆಬೇಳೆ ಕೊಟ್ಟರೆ ನಮ್ಮ ಕಡೆಯವರಿಗೆ ಹೆಚ್ಚು ಒಗ್ಗೀತೇ ಎಂಬುದನ್ನು ರಾಗಿಯ ಮೇಲೆ ದಶಕಗಳಿಂದ ಕೆಲಸ ಮಾಡಿರುವ ಜಿಕೆವಿಕೆಯ ಕೃಷಿ ವಿಶ್ವವಿದ್ಯಾಲಯದವರೂ ಬಳ್ಳಾರಿ ರಸ್ತೆಯ ಕ್ಷಯ ಸಂಸ್ಥೆಯವರೂ ಒಂದು ಸಲ ಕೂತು ಮಾತಾಡಬಹುದು. ನಡುವೆ ಇರುವುದು ಕೆಲವೇ ಮೈಲಿ.

ಹಣವೋ ಧಾನ್ಯವೋ ಎಂಬ ಪ್ರಶ್ನೆಯನ್ನು ಕರ್ನಾಟಕ ಈಚೆಗೆ ತಾನೇ ಅನುಭವಿಸಿತು. 2023ರ ಜುಲೈಯಲ್ಲಿ ಅನ್ನಭಾಗ್ಯದ ಹೆಚ್ಚುವರಿ 5 ಕಿಲೊ ಅಕ್ಕಿ ಹೊಂದಿಸಲಾಗದೆ, ಕಿಲೊಗೆ 34 ರೂಪಾಯಿಯಂತೆ ತಲಾ 170 ರೂಪಾಯಿ ಖಾತೆಗೆ ಹಾಕಲಾಯಿತು. 2025ರಲ್ಲಿ ಮತ್ತೆ ಅಕ್ಕಿ. ಎರಡೂ ಸಲ ತೀರ್ಮಾನಿಸಿದ್ದು ಅಕ್ಕಿಯ ಲಭ್ಯತೆ, ಬೆಲೆ ಮತ್ತು ರಾಜಕೀಯ. ಯಾವ ಮನೆಯಲ್ಲಿ ಯಾವುದು ತಟ್ಟೆಗೆ ಬಂತು ಎಂಬ ಲೆಕ್ಕಕ್ಕೆ ಅಲ್ಲಿ ಜಾಗವೇ ಇರಲಿಲ್ಲ. ವಿಶ್ವ ಬ್ಯಾಂಕಿನ ಉಗೊ ಜೆಂಟಿಲಿನಿ 2016ರಲ್ಲಿ ಈ ಹಳೆಯ ಜಗಳದ ಅಧ್ಯಯನಗಳನ್ನು ಕೂಡಿಸಿ ನೋಡಿ, ಸರಾಸರಿಯಲ್ಲಿ ಹಣ ಮತ್ತು ಧಾನ್ಯದ ಪರಿಣಾಮ ಬಹಳ ಬೇರೆಯಲ್ಲ, ಹಣ ಹಂಚುವ ಖರ್ಚು ಕಡಿಮೆ, ಆದರೆ ಊರಿಂದ ಊರಿಗೆ ಉತ್ತರ ಬದಲಾಗುತ್ತದೆ ಎಂದಿದ್ದರು. ಅಂಥ ಮಾತು ನಮ್ಮ ವಿಧಾನಸೌಧದ ಮೇಜಿನ ಮೇಲೆ ಇದ್ದಿದ್ದರೆ ಕೆಟ್ಟದ್ದೇನೂ ಆಗುತ್ತಿರಲಿಲ್ಲ.

ಹಾಗಾದರೆ ನನ್ನ ನಿಲುವು ಏನು? ಜನರ ಮೇಲೆ ಏನಾದರೂ ಮಾಡುವ ಮೊದಲು, ಹುಡುಗರನ್ನು ಜೈಲಿಗೆ ಕರೆದೊಯ್ದು ಹೆದರಿಸುವಂಥದ್ದು, ಕೋಟಿ ಮಕ್ಕಳಿಗೆ ಒಂದೇ ದಿನ ಮಾತ್ರೆ ನುಂಗಿಸುವಂಥದ್ದು, ಪರಾಮರ್ಶೆ ಮೊದಲು ಬರಬೇಕು. ಪುರಾವೆ ತರುವ ಹೊಣೆ ಮಾಡುವವರದ್ದು. ಜನರಿಗೆ ಇಲ್ಲದ್ದನ್ನು ಕೊಡುವಾಗ, ಅನ್ನ, ನೀರು, ಬಿಸಿಲು ಮಳೆಗೆ ಸೂರು, ಕೊಡಬೇಕೆ ಎಂಬ ಪ್ರಶ್ನೆಯನ್ನು ಪರಾಮರ್ಶೆಯ ಮುಂದೆ ಇಡುವುದೇ ತಪ್ಪು. ಆದರೆ ಕೊಡಲು ಶುರುಮಾಡಿದ ಮರುದಿನದಿಂದ, ಹಣವಾಗಿಯೋ ಧಾನ್ಯವಾಗಿಯೋ, ಎಷ್ಟು, ಯಾರ ಕೈಗೆ ಎಂಬ ಪ್ರಶ್ನೆಗಳಿಗೆ ಅದನ್ನು ಬಿಟ್ಟರೆ ಒಳ್ಳೆಯ ದಾರಿಯಿಲ್ಲ. ಧರ್ಮದ ಕೆಲಸ ಎಂಬ ಹೆಸರಲ್ಲಿ ಲೆಕ್ಕ ಕೇಳದೆ ಬಿಟ್ಟರೆ ಸೋಲುವವನೂ ಆ ಬಡವನೇ.

ಈ ಅಳತೆಗೋಲಿನಿಂದ ನಿಕ್ಷಯ ಯೋಜನೆಯನ್ನು ಅಳೆದರೆ ಸಿಗುವುದು ಇಷ್ಟು. ಜಾರ್ಖಂಡಿನಲ್ಲಿ ಹೊಸ ರೋಗ ತಡೆದದ್ದು ಮನೆಯ ಪ್ರತಿಯೊಬ್ಬರಿಗೂ ಸಿಕ್ಕ ಧಾನ್ಯ. ಸರ್ಕಾರದ 1,000 ರೂಪಾಯಿ ಹೋಗುವುದು ರೋಗಿಯ ಒಂದು ಖಾತೆಗೆ. ಮನೆಯ ಉಳಿದವರ ಬುಟ್ಟಿ ಈಗಲೂ ‘ನಿಕ್ಷಯ ಮಿತ್ರ’ ಎಂಬ ಹೆಸರಿನಲ್ಲಿ ಮುಂದೆ ಬರುವ ದಾನಿಗಳ ಮನಸ್ಸಿಗೆ ಬಿಟ್ಟದ್ದು.